ಮುರಿದ ಕಾಲಿನ ಲೆಕ್ಕ

ಮೂಳೆ ಕೂಡುತ್ತದೆ, ಕೂಲಿ ಕೂಡುವುದಿಲ್ಲ. ರಸ್ತೆ ಅಪಘಾತದಲ್ಲಿ ಗಾಯಗೊಂಡವನಿಗೆ ನ್ಯಾಯಮಂಡಳಿ ಬರೆದುಕೊಟ್ಟ ಮೊತ್ತವೇ ಕಡೆಯ ಮಾತಲ್ಲ. ಅದರ ಮೇಲೆ ಇನ್ನೊಂದು ಬಾಗಿಲಿದೆ; ತೊಂಬತ್ತು ದಿನ ತೆರೆದಿರುವ ಆ ಬಾಗಿಲನ್ನು ಬಡಿಯುವವನ ಕೈಯಲ್ಲಿ ನಾಲ್ಕು ಅಂಕಿಗಳು ಸರಿಯಾಗಿರಬೇಕು.

ಉತ್ತರ ಕರ್ನಾಟಕದ ಜಿಲ್ಲಾ ಪಟ್ಟಣವೊಂದರ ನ್ಯಾಯಾಲಯದಲ್ಲಿ, ಹಳೆಯ ಫ್ಯಾನು ತಿರುಗುವ ಸದ್ದನ್ನು ಬಿಟ್ಟರೆ ಬೇರೆ ಸದ್ದಿಲ್ಲದ ಒಂದು ಬೆಳಗಿನ ವೇಳೆಯಲ್ಲಿ, ಮೂವತ್ತು ದಾಟಿದ ಗೌಂಡಿಯೊಬ್ಬನು ಸಾಕ್ಷಿಯ ಕಟಕಟೆಯನ್ನು ಹತ್ತಿ ನಿಂತುದನ್ನು ಈ ಲೇಖಕನು ಕಂಡಿದ್ದಾನೆ. ಎರಡೇ ಮೆಟ್ಟಿಲು; ಆದರೆ ಒಂದೊಂದು ಮೆಟ್ಟಿಲಿಗೂ ಅವನು ಬಲಗಾಲನ್ನು ಮೊದಲು ಊರಿ, ಎಡಗಾಲನ್ನು ಅದರ ಪಕ್ಕಕ್ಕೆ ಎಳೆದುಕೊಂಡು, ಕಟ್ಟಿಗೆಯ ಕಂಬಿಯನ್ನು ಬಿಗಿಯಾಗಿ ಹಿಡಿದು ಏರಬೇಕಾಯಿತು.

ವಿಮಾ ಕಂಪನಿಯ ವಕೀಲರು ಪಾಟಿ ಸವಾಲಿಗೆ ಎದ್ದರು. ಅವರ ಧ್ವನಿಯಲ್ಲಿ ಕಾಠಿಣ್ಯವೇನೂ ಇರಲಿಲ್ಲ.

‘ಇವತ್ತು ಊರಿಂದ ಹೆಂಗ ಬಂದ್ಯಪಾ?’

‘ಬಸ್ಸಿನಾಗ ಬಂದೇನ್ರಿ.’

‘ಬಸ್ ಸ್ಟ್ಯಾಂಡಿನಿಂದ ಇಲ್ಲಿಗೆ?’

‘ನಡಕೋತ ಬಂದೇನ್ರಿ ಸಾಹೇಬ್ರ.’

ಬೆರಳಚ್ಚುಗಾರರ ಯಂತ್ರವು ಒಡನೆಯೇ ಆ ಮಾತನ್ನು ನ್ಯಾಯಾಲಯದ ಭಾಷೆಗೆ ತಿರುಗಿಸಿಕೊಂಡಿತು: ನಾನು ಈ ದಿನ ಬಸ್ ನಿಲ್ದಾಣದಿಂದ ನ್ಯಾಯಾಲಯಕ್ಕೆ ನಡೆದುಕೊಂಡು ಬಂದಿರುತ್ತೇನೆ ಎಂದರೆ ಸರಿ.

ಆ ಹಾದಿಯಲ್ಲಿ ಮೂರು ಕಡೆ ಕುಳಿತು ಸುಧಾರಿಸಿಕೊಂಡೆನೆಂಬುದನ್ನು ಅವನು ಆಗ ಹೇಳಲಿಲ್ಲ, ಆಗ ಯಾರೂ ಕೇಳಲೂ ಇಲ್ಲ. ಬೊಂಬು ಕಟ್ಟಿ ಎಬ್ಬಿಸಿದ ಅಟ್ಟಣೆಯನ್ನು ಹತ್ತಲಾರದ ಗೌಂಡಿಗೆ ಮೇಸ್ತ್ರಿಯು ಕರಣೆಯನ್ನು ಕೊಡುವುದಿಲ್ಲ, ಕೆಳಗೆ ನಿಂತು ಸಿಮೆಂಟು ಕಲಸುವ ಕೆಲಸಕ್ಕೆ ಹಚ್ಚಿ ಅರ್ಧ ಪಗಾರವನ್ನು ಎಣಿಸುತ್ತಾನೆ ಎಂಬುದೂ ಆ ಹಾಳೆಯ ಮೇಲೆ ಬರಲಿಲ್ಲ. ಅವನು ಸತ್ಯವನ್ನೇ ನುಡಿದಿದ್ದನು; ಆದರೆ ಕಾಗದದ ಮೇಲೆ ಇಳಿದ ಆ ಅರ್ಧ ಸತ್ಯವೇ ಅವನ ಕಾಲಿನ ಬೆಲೆಯನ್ನು ಕಟ್ಟುವುದರಲ್ಲಿತ್ತು.

ನವೆಂಬರ್ ತಿಂಗಳ ಮೂರನೆಯ ಭಾನುವಾರವು ರಸ್ತೆ ಅಪಘಾತಗಳಲ್ಲಿ ಮಡಿದವರನ್ನೂ ನೊಂದವರನ್ನೂ ನೆನೆಯುವ ದಿನವೆಂದು ವಿಶ್ವಸಂಸ್ಥೆಯ ಮಹಾಸಭೆಯು 2005ರಲ್ಲಿ ಅಂಗೀಕರಿಸಿದ ದಿನ. 2022ನೆಯ ಒಂದೇ ವರ್ಷದಲ್ಲಿ ಭಾರತದ ರಸ್ತೆಗಳಲ್ಲಿ 1,68,491 ಮಂದಿ ಪ್ರಾಣ ಬಿಟ್ಟರು. 4,43,366 ಮಂದಿ ಗಾಯಗೊಂಡರು. ಮಡಿದವರಿಗಾಗಿ ಮೇಣದ ಬತ್ತಿಗಳು ಉರಿಯುತ್ತವೆ. ಗಾಯಗೊಂಡು ಬದುಕುಳಿದವರ ಸಂಗತಿಯಾದರೋ, ಪತ್ರಿಕೆಯ ವರದಿಯಲ್ಲಿ ‘ಆಸ್ಪತ್ರೆಗೆ ದಾಖಲಿಸಲಾಗಿದೆ’ ಎಂಬ ಎರಡು ಪದಗಳಲ್ಲಿ ಮುಗಿದುಹೋಗುತ್ತದೆ. ಅವರ ನಿಜವಾದ ಕಥೆಯು ಪ್ರಾರಂಭವಾಗುವುದು ಅಲ್ಲಿಂದಲೇ.

ದಾನವೋ, ಹಕ್ಕೋ

ಮೋಟಾರು ವಾಹನವು ನಮ್ಮ ದಾರಿಗಳಿಗೆ ಇಳಿದು ಬಹುಕಾಲದವರೆಗೆ, ಅದರಿಂದ ಪೆಟ್ಟು ತಿಂದವನು ಪರಿಹಾರವನ್ನು ಕೇಳಬೇಕಾದರೆ ಸಿವಿಲ್ ನ್ಯಾಯಾಲಯದಲ್ಲಿ ದಾವೆ ಹೂಡಬೇಕಾಗಿತ್ತು. ಕೇಳುವ ಮೊತ್ತಕ್ಕೆ ತಕ್ಕ ನ್ಯಾಯಾಲಯ ಶುಲ್ಕವನ್ನು ಮೊದಲೇ ತೆರಬೇಕಾಗಿತ್ತು. ಕಾಲು ಮುರಿದು ಕೂಲಿಯೂ ನಿಂತುಹೋದವನು ಶುಲ್ಕವನ್ನು ಎಲ್ಲಿಂದ ತಂದಾನು? 1939ರ ಮೋಟಾರು ವಾಹನ ಕಾಯಿದೆಯು, ವಾಹನದ ಒಡೆಯನು ಮೂರನೆಯ ವ್ಯಕ್ತಿಗೆ ಒದಗಬಹುದಾದ ಹಾನಿಗಾಗಿ ವಿಮೆಯನ್ನು ಮಾಡಿಸಲೇಬೇಕೆಂದು ವಿಧಿಸಿತು. 1956ರ ತಿದ್ದುಪಡಿಯು ಇಂತಹ ವ್ಯಾಜ್ಯಗಳಿಗೆಂದೇ ಪ್ರತ್ಯೇಕ ನ್ಯಾಯಮಂಡಳಿಗಳಿಗೆ ಅವಕಾಶ ಕಲ್ಪಿಸಿತು. ಈಗ ಜಾರಿಯಲ್ಲಿರುವುದು 1988ರ ಕಾಯಿದೆ; ಅದು 1989ರ ಜುಲೈ 1ರಿಂದ ಆಚರಣೆಗೆ ಬಂದಿತು.

ಈ ಕಾಯಿದೆಯ 168ನೆಯ ಕಲಮಿನಲ್ಲಿ ಒಂದು ಮಾತಿದೆ: ನ್ಯಾಯಮಂಡಳಿಯು ತನಗೆ ‘ನ್ಯಾಯಸಮ್ಮತ’ವೆಂದು ಕಂಡ ಪರಿಹಾರವನ್ನು ನಿರ್ಧರಿಸತಕ್ಕದ್ದು. ಮಾತು ಚಿಕ್ಕದು, ವ್ಯಾಪ್ತಿ ಬಹಳ ದೊಡ್ಡದು. ಗಾಯಾಳುವು ಅರ್ಜಿಯಲ್ಲಿ ಕೇಳಿದುದಕ್ಕಿಂತ ಹೆಚ್ಚಿನ ಮೊತ್ತವು ನ್ಯಾಯಸಮ್ಮತವೆಂದು ಸಾಕ್ಷ್ಯದಿಂದ ತೋರಿಬಂದರೆ ಅದನ್ನು ಕೊಡುವುದಕ್ಕೆ ಅಡ್ಡಿಯಿಲ್ಲವೆಂದು ಸರ್ವೋಚ್ಚ ನ್ಯಾಯಾಲಯವು 2002ರ ಡಿಸೆಂಬರಿನಲ್ಲಿಯೇ ಸ್ಪಷ್ಟಪಡಿಸಿತು. ಎಂದರೆ, ಅರಿಯದೆ ಕಡಿಮೆ ಕೇಳಿದವನು ಆ ಅಜ್ಞಾನಕ್ಕಾಗಿ ದಂಡ ತೆರಬೇಕಾಗಿಲ್ಲ.

ಆದುದರಿಂದ ಹೆಚ್ಚಿನ ಪರಿಹಾರವನ್ನು ಕೋರಿ ಮೇಲ್ಮನವಿ ಸಲ್ಲಿಸುವವನನ್ನು ದುರಾಸೆಯವನೆಂದು ಬಗೆಯುವುದು ತಪ್ಪು. ‘ಬಂದಷ್ಟು ಬಂತು, ದೇವರು ಕೊಟ್ಟದ್ದು’ ಎಂದು ಹಿರಿಯರು ಸಮಾಧಾನ ಹೇಳುವುದುಂಟು. ಆ ಸಮಾಧಾನದ ಹಿಂದೆ ಒಳ್ಳೆಯ ಮನಸ್ಸೂ ಇರುತ್ತದೆ. ಆದರೆ ಈ ಹಣವನ್ನು ಕೊಡುವವನು ದೇವರಲ್ಲ. ಇಂತಹ ದಿನಕ್ಕೆಂದೇ ವಾಹನದ ಒಡೆಯನಿಂದ ವರ್ಷವರ್ಷವೂ ಪ್ರೀಮಿಯಂ ಪಡೆದಿರುವ ವಿಮಾ ಕಂಪನಿ.

ತರಕಾರಿ ಮಾರುವವನಿಗೆ ಕಾಲು ಬೇಕೆ?

ಕರ್ನಾಟಕದಿಂದ ಹೊರಟು ದೆಹಲಿಯನ್ನು ಮುಟ್ಟಿದ ಒಂದು ಪ್ರಕರಣವು ಈ ವಿಷಯವನ್ನು ಬೆಳಕಿಗೆ ಹಿಡಿದಂತೆ ತೋರಿಸುತ್ತದೆ. 2008ರ ಫೆಬ್ರವರಿಯಲ್ಲಿ ನಡೆದ ಅಪಘಾತದಲ್ಲಿ, ತರಕಾರಿ ಮಾರಿ ಜೀವಿಸುತ್ತಿದ್ದ 24 ವರ್ಷದ ತರುಣನೊಬ್ಬನು ಕಾಲನ್ನು ಕಳೆದುಕೊಂಡನು. ಉಚ್ಚ ನ್ಯಾಯಾಲಯವು ಅವನ ದುಡಿಮೆಯ ಶಕ್ತಿಯು ಶೇಕಡಾ 65ರಷ್ಟು ಕುಂದಿದೆಯೆಂದು ಎಣಿಸಿತ್ತು. ಒಂದೆಡೆ ಕುಳಿತು ತರಕಾರಿ ಮಾರುವುದಕ್ಕೆ ಎರಡು ಕಾಲುಗಳೇಕೆ ಎಂಬ ಭಾವನೆ ಮೇಲುನೋಟಕ್ಕೆ ಯಾರಿಗಾದರೂ ಬರತಕ್ಕದ್ದೇ.

ಆದರೆ ಬೆಳಗಿನ ಜಾವ ನಾಲ್ಕು ಗಂಟೆಗೆ ಯಾವುದಾದರೂ ಊರಿನ ಎಪಿಎಂಸಿ ಪ್ರಾಂಗಣಕ್ಕೆ ಹೋಗಿ ನೋಡಬೇಕು. ಲಾರಿಯಿಂದ ಇಳಿಯುವ ಟೊಮೆಟೊ ಕ್ರೇಟುಗಳ ನಡುವೆ, ಕೆಸರಿನಲ್ಲಿ ಜಾರುತ್ತ, ಹರಾಜಿನ ಕೂಗಿಗೆ ಕಿವಿಗೊಟ್ಟು, ಸೊಪ್ಪಿನ ಕಟ್ಟನ್ನು ಹೆಗಲಿಗೇರಿಸಿ, ಸೂರ್ಯನು ಮೂಡುವುದರೊಳಗೆ ತಳ್ಳುಗಾಡಿಯನ್ನು ನಾಲ್ಕು ಬೀದಿ ದಾಟಿಸುವವನೇ ತರಕಾರಿ ವ್ಯಾಪಾರಿ. ಮಾರಾಟವು ಅವನ ವೃತ್ತಿಯ ಅರ್ಧ ಮಾತ್ರ. ಮೊದಲರ್ಧವು ಸಂಪೂರ್ಣವಾಗಿ ಕಾಲಿನದು.

2014ರ ಜನವರಿಯಲ್ಲಿ ಸರ್ವೋಚ್ಚ ನ್ಯಾಯಾಲಯವು ಗ್ರಹಿಸಿದ್ದು ಈ ಸಂಗತಿಯನ್ನೇ. ಕರ್ನಾಟಕದವರೇ ಆದ ನ್ಯಾಯಮೂರ್ತಿ ವಿ. ಗೋಪಾಲಗೌಡರಿದ್ದ ಪೀಠವು, ಸಗಟು ಮಾರುಕಟ್ಟೆಯಿಂದಲೋ ರೈತರಿಂದಲೋ ತರಕಾರಿಯನ್ನು ತರುವ ಕೆಲಸವು ಓಡಾಟವಿಲ್ಲದೆ ಸಾಗದೆಂದು ಗುರುತಿಸಿ, ನಷ್ಟವನ್ನು ಶೇಕಡಾ 85ಕ್ಕೆ ಏರಿಸಿತು. ಆದಾಯಕ್ಕೆ ರಸೀದಿ ತೋರಿಸೆಂದು ತರಕಾರಿ ಮಾರುವವನನ್ನು ಕೇಳುವುದು ವಾಸ್ತವಕ್ಕೆ ದೂರವೆಂದು ಬಗೆದು, ತಿಂಗಳಿಗೆ 6,500 ರೂಪಾಯಿಯ ಸಂಪಾದನೆಯನ್ನು ದಾಖಲೆಯಿಲ್ಲದೆಯೇ ಒಪ್ಪಿಕೊಂಡಿತು.

ಕಾಲು ಅದೇ, ಗಾಯ ಅದೇ, ವೈದ್ಯರ ಪ್ರಮಾಣಪತ್ರವೂ ಅದೇ. ಬದಲಾದುದು, ಆ ಕಾಲು ದಿನವಿಡೀ ಏನು ಮಾಡುತ್ತಿತ್ತೆಂಬ ಪ್ರಶ್ನೆಗೆ ದೊರೆತ ಉತ್ತರ.

ಶೇಕಡಾ ಎಂಬ ಮಾಯೆ

ಮೂಳೆ ವೈದ್ಯರು ಕೋನಮಾಪಕವನ್ನು ಮಂಡಿಗೆ ಹಿಡಿದು, ಅದು ಎಷ್ಟು ಅಂಶ ಮಡಚುತ್ತದೆಂದು ಅಳೆದು, ಸ್ನಾಯುವಿನ ಬಲವನ್ನೂ ಕಾಲಿನ ಉದ್ದದ ವ್ಯತ್ಯಾಸವನ್ನೂ ಗುರುತಿಸಿ, ‘ಎಡಗಾಲಿನ ಶಾಶ್ವತ ಅಂಗವೈಕಲ್ಯ ಶೇಕಡಾ 36’ ಎಂದು ಬರೆಯುತ್ತಾರೆಂದು ಇಟ್ಟುಕೊಳ್ಳೋಣ. ಇದು ಕಾಲಿನ ಲೆಕ್ಕ. ನಮ್ಮ ನ್ಯಾಯಾಲಯಗಳಲ್ಲಿ ಸಾಮಾನ್ಯವಾಗಿ ಇದರ ಮೂರನೆಯ ಒಂದು ಭಾಗವನ್ನು, ಎಂದರೆ ಶೇಕಡಾ 12ನ್ನು, ಇಡೀ ದೇಹದ ಲೆಕ್ಕವೆಂದು ಹಿಡಿಯುವ ವಾಡಿಕೆಯಿದೆ. ಇಲ್ಲಿಗೇ ನಿಂತರೆ ಅನ್ಯಾಯ. ಏಕೆಂದರೆ ಮೂರನೆಯ ಲೆಕ್ಕವೊಂದು ಬಾಕಿಯಿದೆ, ಅದು ಕಸುಬಿನ ಲೆಕ್ಕ.

ಈ ಮೂರು ಲೆಕ್ಕಗಳನ್ನು ಬಿಡಿಸಿ ತೋರಿಸಿದ ತೀರ್ಪು 2010ರ ಅಕ್ಟೋಬರಿನದು. ಬರೆದವರು, ಹಿಂದೆ ಕರ್ನಾಟಕ ಉಚ್ಚ ನ್ಯಾಯಾಲಯದ ನ್ಯಾಯಾಧೀಶರಾಗಿದ್ದ ನ್ಯಾಯಮೂರ್ತಿ ಆರ್.ವಿ. ರವೀಂದ್ರನ್. ಎಡಗೈಯನ್ನು ಕಳೆದುಕೊಂಡವನು ಚಾಲಕನೋ ಬಡಗಿಯೋ ಆಗಿದ್ದರೆ ಅವನ ಸಂಪಾದನೆಯು ಹೆಚ್ಚು ಕಡಿಮೆ ಪೂರ್ತಿಯಾಗಿಯೇ ನಿಂತುಹೋಗಬಹುದು. ಅವನೇ ಸರ್ಕಾರಿ ಕಚೇರಿಯ ಗುಮಾಸ್ತನಾಗಿದ್ದರೆ ನೌಕರಿಯು ಉಳಿಯಬಹುದು ಎಂಬ ನಿದರ್ಶನವನ್ನು ಆ ತೀರ್ಪು ಕೊಡುತ್ತದೆ. ಗಾಯಾಳುವು ಮೊದಲು ಏನು ಮಾಡುತ್ತಿದ್ದನು, ಈಗ ಏನನ್ನು ಮಾಡಬಲ್ಲನು, ಏನನ್ನು ಮಾಡಲಾರನು, ಬೇರೊಂದು ಕೆಲಸದಿಂದ ಅಷ್ಟನ್ನೇ ಗಳಿಸಬಲ್ಲನೇ ಎಂಬುದನ್ನು ವಿಚಾರಿಸಿ ನೋಡಿಯೇ ಶೇಕಡಾವನ್ನು ನಿಶ್ಚಯಿಸಬೇಕೆಂಬುದು ಅದರ ಸಾರ.

ಅದೇ ತೀರ್ಪು ಇನ್ನೊಂದು ಎಚ್ಚರಿಕೆಯನ್ನೂ ಕೊಟ್ಟಿದೆ. ಚಿಕಿತ್ಸೆಯನ್ನೇ ನೀಡದೆ, ಕೇಳಿದವರಿಗೆಲ್ಲ ಸಿದ್ಧ ಪ್ರಮಾಣಪತ್ರವನ್ನು ಬರೆದುಕೊಡುವ ವೈದ್ಯರ ಮಾತನ್ನು ನ್ಯಾಯಮಂಡಳಿಯು ಕಣ್ಣು ಮುಚ್ಚಿ ನಂಬಬಾರದು. ಪಾಟಿ ಸವಾಲಿನಲ್ಲಿ ವೈದ್ಯರಿಗೆ ಬೀಳುವ ಮೊದಲ ಪ್ರಶ್ನೆಯೇ ‘ಇವರಿಗೆ ಚಿಕಿತ್ಸೆ ಕೊಟ್ಟವರು ತಾವೆಯೆ?’ ಎಂಬುದು. ಶಸ್ತ್ರಚಿಕಿತ್ಸೆ ಮಾಡಿದ ವೈದ್ಯರೇ ಬಂದು ಎಕ್ಸ್‌ರೇ ಹಿಡಿದು ಮಾತನಾಡಿದರೆ, ಆ ಅರ್ಧ ಗಂಟೆಯು ವಕೀಲರ ಹತ್ತು ಪುಟಗಳ ವಾದಕ್ಕೆ ಸಮನಾದೀತು.

ಚೌಕಟ್ಟು 1 – ವಯಸ್ಸು ಮತ್ತು ಗುಣಕ

ಒಂದು ವರ್ಷದ ಆದಾಯ ನಷ್ಟವನ್ನು ಎಷ್ಟರಿಂದ ಗುಣಿಸಬೇಕೆಂಬುದನ್ನು 2009ರ ಏಪ್ರಿಲಿನಲ್ಲಿ ಸರ್ವೋಚ್ಚ ನ್ಯಾಯಾಲಯವು ಏಕರೂಪಗೊಳಿಸಿತು. ಅಪಘಾತದ ದಿನದ ವಯಸ್ಸೇ ಇಲ್ಲಿ ಮುಖ್ಯ.

15ರಿಂದ 25 ವರ್ಷ – 18
26ರಿಂದ 30 – 17
31ರಿಂದ 35 – 16
36ರಿಂದ 40 – 15
41ರಿಂದ 45 – 14
46ರಿಂದ 50 – 13
51ರಿಂದ 55 – 11
56ರಿಂದ 60 – 9
61ರಿಂದ 65 – 7
66ರಿಂದ 70 – 5

ಗೌಂಡಿಯ ಲೆಕ್ಕವನ್ನೊಮ್ಮೆ ಮಾಡಿ ನೋಡೋಣ

ನಮ್ಮ ಗೌಂಡಿಯಂತಹ ಒಬ್ಬನನ್ನು ಊಹಿಸಿಕೊಳ್ಳೋಣ: ವಯಸ್ಸು 34, ಅಪಘಾತ 2022ರದು, ಕೂಲಿಗೆ ಚೀಟಿಯಿಲ್ಲ, ಬ್ಯಾಂಕಿನ ಪುಸ್ತಕದಲ್ಲಿ ಪಗಾರದ ಗುರುತಿಲ್ಲ. ನ್ಯಾಯಮಂಡಳಿಯು ಅವನ ತಿಂಗಳ ಆದಾಯವನ್ನು 10,000 ರೂಪಾಯಿ ಎಂದೂ ಇಡೀ ದೇಹದ ನ್ಯೂನತೆಯನ್ನು ಶೇಕಡಾ 12 ಎಂದೂ ಹಿಡಿಯಿತೆನ್ನೋಣ. 10,000ವನ್ನು 12 ತಿಂಗಳಿನಿಂದಲೂ 16ರ ಗುಣಕದಿಂದಲೂ ಗುಣಿಸಿ, ಅದರಲ್ಲಿ ಶೇಕಡಾ 12ನ್ನು ತೆಗೆದರೆ ಭವಿಷ್ಯದ ಆದಾಯ ನಷ್ಟವು 2,30,400 ರೂಪಾಯಿ.

ಮೇಲ್ಮನವಿಯಲ್ಲಿ ಮೂರು ಅಂಶಗಳನ್ನು ಎತ್ತಬಹುದು. ಮೊದಲನೆಯದು ಆದಾಯ. ದಾಖಲೆಯಿಲ್ಲದ ದುಡಿಮೆಗಾರರ ವಿಷಯದಲ್ಲಿ, ಲೋಕ್ ಅದಾಲತ್ತಿನ ರಾಜಿಗಳಿಗೆಂದು ಕರ್ನಾಟಕ ರಾಜ್ಯ ಕಾನೂನು ಸೇವೆಗಳ ಪ್ರಾಧಿಕಾರವು ಸಿದ್ಧಪಡಿಸಿದ ವರ್ಷವಾರು ಪಟ್ಟಿಯನ್ನು ನಮ್ಮ ಉಚ್ಚ ನ್ಯಾಯಾಲಯವು ಅನೇಕ ತೀರ್ಪುಗಳಲ್ಲಿ ಅಳತೆಗೋಲಾಗಿ ಬಳಸಿದೆ. 2022ರ ಅಪಘಾತಗಳಿಗೆ ಆ ಲೆಕ್ಕದಲ್ಲಿ ಹಿಡಿಯುವ ತಿಂಗಳ ಆದಾಯ 15,500 ರೂಪಾಯಿ.

ಎರಡನೆಯದು ಭವಿಷ್ಯದ ಏಳಿಗೆ. ಮೂವತ್ತನಾಲ್ಕರ ಗೌಂಡಿಯ ಕೂಲಿ ಸಾಯುವವರೆಗೂ ಮೂವತ್ತನಾಲ್ಕರ ಕೂಲಿಯಾಗಿಯೇ ಉಳಿಯುವುದಿಲ್ಲವಷ್ಟೆ. 2017ರ ಅಕ್ಟೋಬರ್ 31ರಂದು ಸರ್ವೋಚ್ಚ ನ್ಯಾಯಾಲಯದ ಐವರು ನ್ಯಾಯಮೂರ್ತಿಗಳ ಪೀಠವು, 40 ವರ್ಷ ತುಂಬದ ಸ್ವಂತ ದುಡಿಮೆಯವರ ಆದಾಯಕ್ಕೆ ಶೇಕಡಾ 40ನ್ನು ಸೇರಿಸಿ ಎಣಿಸಬೇಕೆಂದು ಹೇಳಿತು. ಅದು ಸಾವಿನ ಪ್ರಕರಣಗಳಿಗೆ ಹೇಳಿದ ಮಾತೆಂಬ ತಕರಾರು ಉಳಿದಿತ್ತು. ಬಲಗೈಯನ್ನು ಕಳೆದುಕೊಂಡ ಬೆರಳಚ್ಚುಗಾರ ತರುಣನೊಬ್ಬನ ಪ್ರಕರಣದಲ್ಲಿ, 2020ರ ಸೆಪ್ಟೆಂಬರಿನಲ್ಲಿ, ಶಾಶ್ವತ ಅಂಗವೈಕಲ್ಯದ ಪ್ರಕರಣಗಳಿಗೂ ಇದು ಸಲ್ಲುತ್ತದೆಂದು ತೀರ್ಮಾನವಾಯಿತು. ಬದುಕುಳಿದವನಿಗೆ ಭವಿಷ್ಯವೇ ಇಲ್ಲವೆನ್ನುವುದು ವಿಚಿತ್ರವಾದ ತರ್ಕವಾಗುತ್ತಿತ್ತು.

ಮೂರನೆಯದು, ಅಟ್ಟಣೆ ಹತ್ತಲಾರದ ಗೌಂಡಿಯ ನಷ್ಟವು ಶೇಕಡಾ 12ಕ್ಕಿಂತ ಹೆಚ್ಚಿನದೆಂಬ ವಾದ. ಉಚ್ಚ ನ್ಯಾಯಾಲಯವು ಅದನ್ನು 20 ಎಂದು ಒಪ್ಪಿದರೆ ಲೆಕ್ಕ ಹೀಗೆ: 15,500ಕ್ಕೆ ಶೇಕಡಾ 40ನ್ನು ಸೇರಿಸಿದರೆ 21,700, ವರ್ಷಕ್ಕೆ 2,60,400, 16ರಿಂದ ಗುಣಿಸಿದರೆ 41,66,400, ಅದರ ಶೇಕಡಾ 20 ಎಂದರೆ 8,33,280 ರೂಪಾಯಿ.

2,30,400 ಎಲ್ಲಿ, 8,33,280 ಎಲ್ಲಿ! ನಡುವಿನ ಆರು ಲಕ್ಷದಲ್ಲಿ ಒಂದು ಮಗುವಿನ ವಿದ್ಯಾಭ್ಯಾಸವಿದೆ, ಒಂದು ಚಿಕ್ಕ ಅಂಗಡಿಯ ಬಂಡವಾಳವಿದೆ, ಸಾಲ ಕೊಟ್ಟವನ ಮುಂದೆ ತಲೆ ಎತ್ತಿ ನಿಲ್ಲುವ ಧೈರ್ಯವಿದೆ. ಈ ಎರಡು ಮೊತ್ತಗಳ ನಡುವಣ ಹಾದಿಗೇ ವಕೀಲರ ಆಡುಮಾತಿನಲ್ಲಿ ‘ಎನ್‌ಹಾನ್ಸ್‌ಮೆಂಟ್ ಅಪೀಲು’ ಎಂದು ಹೆಸರು.

ಆದಾಯದ ಅಂಕಿಯೊಂದರ ಮೇಲೆಯೇ ದೆಹಲಿಯವರೆಗೆ ಹೋಗಿ ಗೆದ್ದವರೂ ನಮ್ಮಲ್ಲಿದ್ದಾರೆ. 2004ರ ಅಪಘಾತವೊಂದರಲ್ಲಿ ಗಾಯಗೊಂಡ ಕೂಲಿಕಾರನೊಬ್ಬನು ತಿಂಗಳಿಗೆ 4,500 ರೂಪಾಯಿ ದುಡಿಯುತ್ತಿದ್ದೆನೆಂದರೆ, ದಿನಕ್ಕೆ ನೂರು ರೂಪಾಯಿಯ ಕೂಲಿಯೆಂದು ಊಹಿಸಿ ನ್ಯಾಯಮಂಡಳಿಯು 3,000ಕ್ಕೆ ಇಳಿಸಿತ್ತು. ಆ ಊಹೆಗೆ ಆಧಾರವಿಲ್ಲವೆಂದು 2011ರ ಆಗಸ್ಟಿನಲ್ಲಿ ಸರ್ವೋಚ್ಚ ನ್ಯಾಯಾಲಯವು ಅವನ ಮಾತನ್ನೇ ಎತ್ತಿಹಿಡಿಯಿತು.

ನೋವಿಗೂ ಒಂದು ಕಾಲಮ್ಮು

ಗಳಿಕೆಯೊಂದೇ ನಷ್ಟವಲ್ಲ. ಚಿಕಿತ್ಸೆ, ಔಷಧ, ಓಡಾಟ, ಪೌಷ್ಟಿಕ ಆಹಾರ, ಮಲಗಿದ್ದ ತಿಂಗಳುಗಳ ಕೂಲಿ, ಮುಂದೆ ಒಳಗಿನ ರಾಡು ತೆಗೆಸುವ ಶಸ್ತ್ರಚಿಕಿತ್ಸೆಯ ವೆಚ್ಚ – ಇವು ಹಣದಲ್ಲಿ ಎಣಿಸಬಹುದಾದವು. ಪಟ್ಟ ಯಾತನೆ, ಕೈತಪ್ಪಿದ ಸುಖಗಳು, ವಿವಾಹದ ಅವಕಾಶಕ್ಕೆ ಬಂದ ಕುಂದು, ಆಯುಸ್ಸಿನ ಇಳಿಕೆ – ಇವು ಎಣಿಕೆಗೆ ಸಿಲುಕದವು, ಆದರೂ ಎಣಿಸಲೇಬೇಕಾದವು.

ತೀರ್ಪಿನಲ್ಲಿ ಬಹುಮಟ್ಟಿಗೆ ಜಿಪುಣತನವು ಇಣುಕುವುದು ಈ ಎರಡನೆಯ ಗುಂಪಿನಲ್ಲಿ. ಹಬ್ಬದ ದಿನ ಪಂಕ್ತಿಯಲ್ಲಿ ಚಕ್ಕಂಬಕ್ಕಲು ಹಾಕಿ ಕುಳಿತುಕೊಳ್ಳಲಾಗದವನು, ಹೊಲದ ಬದುವಿನ ಮೇಲೆ ನಡೆಯಲಾಗದವನು, ಮಗಳನ್ನು ಹೆಗಲ ಮೇಲೆ ಕೂರಿಸಿಕೊಂಡು ಜಾತ್ರೆಯ ತೇರನ್ನು ತೋರಿಸಲಾಗದವನು ಕಳೆದುಕೊಂಡುದಕ್ಕೆ ರಸೀದಿಯಿಲ್ಲ. ಆದರೆ ಸಾಕ್ಷಿ ನುಡಿಯುವಾಗ ಅವನು ಅದನ್ನು ಬಾಯಿ ಬಿಟ್ಟು ಹೇಳದಿದ್ದರೆ ನ್ಯಾಯಾಧೀಶರಿಗೆ ತಿಳಿಯುವ ದಾರಿಯೂ ಇಲ್ಲ.

ಮಕ್ಕಳ ವಿಷಯದಲ್ಲಿ ನಷ್ಟದ ಎಣಿಕೆ ಇನ್ನೂ ಕಷ್ಟ. ಅವರಿಗೆ ಕೂಲಿಯಿಲ್ಲ, ಕಸುಬಿಲ್ಲ. ಕರ್ನಾಟಕದ ಬಾಲಕನೊಬ್ಬನ ಮೇಲ್ಮನವಿಯಲ್ಲಿ 2013ರ ಆಗಸ್ಟಿನಲ್ಲಿ ಸರ್ವೋಚ್ಚ ನ್ಯಾಯಾಲಯವು, ಇಡೀ ದೇಹದ ವೈಕಲ್ಯವು ಶೇಕಡಾ 10ರಿಂದ 30ರವರೆಗಿದ್ದರೆ 3 ಲಕ್ಷ, 60ರವರೆಗೆ 4 ಲಕ್ಷ, 90ರವರೆಗೆ 5 ಲಕ್ಷ, ಅದಕ್ಕೂ ಮೀರಿದರೆ 6 ಲಕ್ಷ ರೂಪಾಯಿ ಎಂಬ ಮೆಟ್ಟಿಲುಗಳನ್ನು ಕಟ್ಟಿಕೊಟ್ಟಿತು; ಚಿಕಿತ್ಸೆಯ ವೆಚ್ಚ ಮೊದಲಾದುವು ಇದಕ್ಕೆ ಹೊರತು. 2020ರಲ್ಲಿ, ಸಂಪೂರ್ಣವಾಗಿ ಪರಾಧೀನಳಾದ ಬಾಲಕಿಯೊಬ್ಬಳ ಪ್ರಕರಣದಲ್ಲಿ, ಅವಳನ್ನು ನೋಡಿಕೊಳ್ಳುವ ಸಹಾಯಕರ ವೆಚ್ಚವನ್ನೂ ಗುಣಕದಿಂದಲೇ ಎಣಿಸಬೇಕೆಂದು ಅದೇ ನ್ಯಾಯಾಲಯವು ಹೇಳಿತು. ತಾಯಿಯೊಬ್ಬಳು ಬಾಳಿಡೀ ಮಾಡುವ ಶುಶ್ರೂಷೆಗೆ ಬೆಲೆಯಿಲ್ಲವೆಂದು ಇನ್ನು ಹೇಳುವಂತಿಲ್ಲ.

ಚೌಕಟ್ಟು 2 – ಜೋಪಾನ ಮಾಡಬೇಕಾದ ಕಾಗದಗಳು

• ಎಫ್‌ಐಆರ್, ಸ್ಥಳ ಪಂಚನಾಮೆ, ದೋಷಾರೋಪಣ ಪಟ್ಟಿಯ ನಕಲುಗಳು
• ಗಾಯದ ಪ್ರಮಾಣಪತ್ರ. ಎಲ್ಲ ಡಿಸ್ಚಾರ್ಜ್ ಸಮ್ಮರಿಗಳು
• ಮೊದಲ ದಿನದಿಂದ ಕೊನೆಯ ದಿನದವರೆಗಿನ ಎಕ್ಸ್‌ರೇಗಳು
• ಔಷಧದ ಬಿಲ್ಲುಗಳು, ಹೊರರೋಗಿ ಚೀಟಿಗಳು, ಬಾಡಿಗೆ ವಾಹನದ ರಸೀದಿಗಳು
• ಕಸುಬಿಗೆ ಸಾಕ್ಷಿಯಾಗುವ ಏನಾದರೂ: ಕಾರ್ಮಿಕ ಕಾರ್ಡು, ಮೇಸ್ತ್ರಿಯ ಹಾಜರಿ ಪುಸ್ತಕ, ಚಾಲನಾ ಪರವಾನಗಿ
• ವಯಸ್ಸಿನ ದಾಖಲೆ: ಒಂದು ವರ್ಷದ ವ್ಯತ್ಯಾಸವೂ ಗುಣಕವನ್ನು ಬದಲಿಸಬಹುದು

ಮೇಲಿನ ಬಾಗಿಲು

ನ್ಯಾಯಮಂಡಳಿಯ ಐತೀರ್ಪಿನ ಮೇಲೆ ಉಚ್ಚ ನ್ಯಾಯಾಲಯಕ್ಕೆ ಹೋಗುವ ಹಕ್ಕನ್ನು ಕಾಯಿದೆಯ 173ನೆಯ ಕಲಮು ಕೊಡುತ್ತದೆ. ಅವಧಿ 90 ದಿನ. ಸಕಾರಣವಿದ್ದರೆ ವಿಳಂಬವನ್ನು ಮನ್ನಿಸಬಹುದಾದರೂ, ಹಾಗೆ ಕಳೆದುಹೋದ ಕಾಲದ ಬಡ್ಡಿಯನ್ನು ನ್ಯಾಯಾಲಯಗಳು ಬಹುತೇಕ ನಿರಾಕರಿಸುತ್ತವೆ. 2022ರ ಏಪ್ರಿಲ್ 1ರಿಂದ ಜಾರಿಗೆ ಬಂದ ತಿದ್ದುಪಡಿಯ ಮೇರೆಗೆ, ವಿವಾದದಲ್ಲಿರುವ ಮೊತ್ತವು ಒಂದು ಲಕ್ಷ ರೂಪಾಯಿಗಿಂತ ಕಡಿಮೆಯಾಗಿದ್ದರೆ ಮೇಲ್ಮನವಿಗೆ ಅವಕಾಶವಿಲ್ಲ. ಹಿಂದೆ ಈ ಮಿತಿಯು ಹತ್ತು ಸಾವಿರವಾಗಿತ್ತು.

ಈ ಮೇಲ್ಮನವಿಗೆ ಕರ್ನಾಟಕದಲ್ಲಿ ‘ಎಂ.ಎಫ್.ಎ.’ ಎಂದು ಹೆಸರು. ಒಂದು ಕಾಲದಲ್ಲಿ ಬೀದರಿನ ಗಾಯಾಳುವೂ ಕಾರವಾರದ ಗಾಯಾಳುವೂ ವಿಧಾನಸೌಧದ ಎದುರಿನ ಕೆಂಪು ಅಠಾರಾ ಕಚೇರಿಗೇ ಕಾಗದ ಕಟ್ಟಿಕೊಂಡು ಬರಬೇಕಾಗಿತ್ತು. 2008ರಲ್ಲಿ ಸಂಚಾರಿ ಪೀಠಗಳಾಗಿ ಪ್ರಾರಂಭವಾದ ಧಾರವಾಡ, ಕಲಬುರಗಿ ಪೀಠಗಳು 2013ರ ಆಗಸ್ಟಿನಲ್ಲಿ ಕಾಯಂ ಆದಮೇಲೆ ಆ ದೂರವು ತಗ್ಗಿದೆ.

ಮೇಲ್ಮನವಿ ಹಾಕಿದರೆ ಮೊದಲು ಸಿಕ್ಕ ಹಣವು ತಡೆದುಹೋದೀತೆ ಎಂಬ ಅಂಜಿಕೆ ಹಲವರಿಗಿದೆ. ವಿಮಾ ಕಂಪನಿಯು ಠೇವಣಿಯಿಟ್ಟ ಮೊತ್ತವನ್ನು ನ್ಯಾಯಮಂಡಳಿಯ ಅಪ್ಪಣೆಯಂತೆ ಪಡೆದುಕೊಂಡು, ಉಳಿದುದಕ್ಕಾಗಿ ಹೋರಾಡುವುದಕ್ಕೆ ಬಾಧಕವಿಲ್ಲ. ಆದರೆ ಕಂಪನಿಯೂ ತನ್ನ ಕಡೆಯಿಂದ ಮೇಲ್ಮನವಿಯನ್ನೋ ಪ್ರತ್ಯಾಕ್ಷೇಪವನ್ನೋ ಸಲ್ಲಿಸಿದ್ದರೆ, ಮೊತ್ತವು ಏರುವಂತೆ ಇಳಿಯಲೂಬಹುದು. ಹೆಲ್ಮೆಟ್ಟಿಲ್ಲದ ಸವಾರಿ, ಒಂದೇ ಬೈಕಿನ ಮೇಲೆ ಮೂವರು, ಗಾಯಾಳುವಿನದೇ ಅಜಾಗರೂಕತೆ – ಇಂತಹ ಅಂಶಗಳಿರುವಾಗ ವಕೀಲರೊಡನೆ ಮುಚ್ಚುಮರೆಯಿಲ್ಲದೆ ಮಾತಾಡಿಯೇ ಮುಂದುವರಿಯತಕ್ಕದ್ದು.

ಇನ್ನೊಂದು ಎಚ್ಚರಿಕೆಯನ್ನು ಮರೆಯಲಾಗದು. ಲೋಕ್ ಅದಾಲತ್ತು ಒಳ್ಳೆಯ ವ್ಯವಸ್ಥೆ. ವರ್ಷಗಳ ವ್ಯಾಜ್ಯವನ್ನು ಅದು ಒಂದು ಶನಿವಾರದಲ್ಲಿ ಮುಗಿಸಬಲ್ಲದು. ಆದರೆ ಅಲ್ಲಿ ರಾಜಿಯಾಗಿ ಹೆಬ್ಬೆಟ್ಟು ಒತ್ತಿದ ಮೇಲೆ ಆ ಐತೀರ್ಪೇ ಅಂತಿಮ. ಅದರ ಮೇಲೆ ಮೇಲ್ಮನವಿಯಿಲ್ಲ. ಮೊತ್ತವನ್ನು ಕೇಳಿದೊಡನೆ ತಲೆಯಾಡಿಸದೆ, ಹೊರಗೆ ಬೇವಿನ ಮರದಡಿ ಕುಳಿತು ಒಂದು ಸಲ ಲೆಕ್ಕ ಹಾಕಿ ನೋಡಿದರೆ ಯಾರ ಗಂಟೂ ಹೋಗುವುದಿಲ್ಲ.

ಚೌಕಟ್ಟು 3 – ದಿನಗಳ ಎಣಿಕೆ

• 48 ಗಂಟೆ: ಪೊಲೀಸರು ನ್ಯಾಯಮಂಡಳಿಗೆ ಪ್ರಥಮ ಅಪಘಾತ ವರದಿ ಸಲ್ಲಿಸಬೇಕಾದ ಅವಧಿ
• 90 ದಿನ: ಪೊಲೀಸರ ಸವಿವರ ಅಪಘಾತ ವರದಿಗೆ
• 6 ತಿಂಗಳು: ಪರಿಹಾರದ ಅರ್ಜಿಗೆ. 2022ರ ಏಪ್ರಿಲ್ 1ರಿಂದ ಮರಳಿ ಬಂದಿರುವ ಈ ಮಿತಿಯು ಸರ್ವೋಚ್ಚ ನ್ಯಾಯಾಲಯದಲ್ಲಿ ಪ್ರಶ್ನೆಗೊಳಗಾಗಿದೆ; ಆದರೂ ಅದನ್ನು ಮೀರದಿರುವುದೇ ಕ್ಷೇಮ
• 90 ದಿನ: ಐತೀರ್ಪಿನ ದಿನದಿಂದ ಮೇಲ್ಮನವಿಗೆ
• ಅರ್ಜಿಯನ್ನು ಅಪಘಾತವಾದ ಊರಿನಲ್ಲಿಯೇ ಅಲ್ಲದೆ ಗಾಯಾಳುವು ವಾಸಿಸುವ ಊರಿನಲ್ಲಿಯೂ ಹಾಕಬಹುದು

ಪಾಲು ಕೇಳುವವರು

ಆಸ್ಪತ್ರೆಯ ಬಾಗಿಲಲ್ಲಿಯೇ ಗಾಯಾಳುವಿನ ಮನೆಯವರನ್ನು ಹಿಡಿದು, ‘ಕೇಸು ನಮಗೆ ಬಿಡ್ರಿ, ಬಂದದ್ದರಾಗ ಇಷ್ಟು ನಮಗ, ಉಳಿದದ್ದು ನಿಮಗ’ ಎಂದು ಕುದುರಿಸುವ ಮಧ್ಯವರ್ತಿಗಳನ್ನು ಕಾಣದ ಜಿಲ್ಲಾ ಪಟ್ಟಣವು ವಿರಳ. ಗೆದ್ದ ಮೊತ್ತದಲ್ಲಿ ಪಾಲನ್ನು ಕರಾರು ಮಾಡಿಕೊಳ್ಳುವುದು ವಕೀಲ ವೃತ್ತಿಯ ನಿಯಮಗಳಿಗೆ ವಿರುದ್ಧವೆಂಬುದನ್ನು ಗಾಯಾಳುಗಳು ತಿಳಿದಿರಬೇಕು. ಅಂಗವೈಕಲ್ಯ ಹೊಂದಿದವರಿಗೂ ಮಹಿಳೆಯರಿಗೂ ಪರಿಶಿಷ್ಟ ಜಾತಿ, ಪಂಗಡಗಳವರಿಗೂ 1987ರ ಕಾನೂನು ಸೇವೆಗಳ ಪ್ರಾಧಿಕಾರ ಕಾಯಿದೆಯ ಮೇರೆಗೆ ಉಚಿತವಾಗಿ ವಕೀಲರನ್ನು ಪಡೆಯುವ ಹಕ್ಕಿದೆ. ಪ್ರತಿ ಜಿಲ್ಲಾ ನ್ಯಾಯಾಲಯದ ಆವರಣದಲ್ಲಿ ಆ ಪ್ರಾಧಿಕಾರದ ಕಚೇರಿಯ ಫಲಕವನ್ನು ಕಾಣಬಹುದು.

ನ್ಯಾಯಾಲಯಕ್ಕೆ ನಡೆದುಕೊಂಡು ಬಂದುದು ಸರಿ ಎಂದು ಒಪ್ಪಿಕೊಂಡ ಆ ಗೌಂಡಿಯು, ಆ ದಿನ ಕಟಕಟೆಯಿಂದ ಇಳಿಯುವಾಗಲೂ ಮೊದಲಿನಂತೆಯೇ ಕಂಬಿಯನ್ನು ಹಿಡಿದುಕೊಂಡನು. ಅದನ್ನು ಕಂಡ ಅವನ ವಕೀಲರು ಎದ್ದು, ಮರುವಿಚಾರಣೆಗೆ ಅನುಮತಿ ಬೇಡಿ ಒಂದೇ ಒಂದು ಪ್ರಶ್ನೆ ಕೇಳಿದರು: ‘ಹಾದ್ಯಾಗ ಎಷ್ಟು ಕಡೆ ಕುಂತಿ?’ ‘ಮೂರು ಕಡೆ ಕುಂತೇನ್ರಿ’ ಎಂದನವನು. ಯಂತ್ರವು ಅದನ್ನೂ ದಾಖಲಿಸಿಕೊಂಡಿತು. ಮೇಲಿನ ನ್ಯಾಯಾಲಯದಲ್ಲಿ ಹೊಸ ಕಥೆಯನ್ನು ಹೇಳಲು ಬಾರದು. ಕೆಳಗಿನ ಹಾಳೆಯ ಮೇಲೆ ಬರೆದಿರುವುದನ್ನು ಬೆರಳಿಟ್ಟು ತೋರಿಸಬಹುದು, ಅಷ್ಟೆ. ಆ ಒಂದು ಸಾಲು ಅಲ್ಲಿರುವುದಕ್ಕೂ ಇಲ್ಲದಿರುವುದಕ್ಕೂ ಎಷ್ಟು ಅಂತರವೆಂಬುದನ್ನು ಮೇಲ್ಮನವಿಯ ಕಡತಗಳನ್ನು ಓದಿದವರು ಬಲ್ಲರು.

ನಿಮ್ಮ ಮನೆಯಲ್ಲೋ ನೆರೆಯಲ್ಲೋ ಇಂತಹ ತೀರ್ಪಿನ ನಕಲು ಬಂದಿದ್ದರೆ, ಕೊನೆಯ ಪುಟದ ಮೊತ್ತವನ್ನು ನೋಡಿ ಮಡಚಿಡಬೇಡಿ. ನಡುವಿನ ಪುಟಗಳನ್ನು ಯಾರಿಂದಲಾದರೂ ಓದಿಸಿ, ನಾಲ್ಕು ಅಂಕಿಗಳನ್ನು ಗುರುತು ಹಾಕಿಕೊಳ್ಳಿ: ಹಿಡಿದ ಆದಾಯ ಎಷ್ಟು, ಹಿಡಿದ ಶೇಕಡಾ ಎಷ್ಟು, ಗುಣಕ ಎಷ್ಟು, ಮಲಗಿದ್ದ ತಿಂಗಳು ಎಷ್ಟು. ಆಮೇಲೆ ತೀರ್ಪಿನ ತಾರೀಖನ್ನು ನೋಡಿ, ತೊಂಬತ್ತು ದಿನವನ್ನು ಎಣಿಸಿ.